ಗೌರವ ಪ್ರತಿ ಕೇಳಬೇಡಿ

📍 ನಾವುಂದ

1/10

ಕವಿ ಗೆಳೆಯರದ್ದೊಂದು ಪುಸ್ತಕ ಬಂತು ಅಂತ ಗೊತ್ತಾದ ಕೂಡಲೇ ನೀವು ಕಳಿಸುವ ಮೆಸೇಜು ಎಂತದ್ದು? "ಅಭಿನಂದನೆ ಮಾರಾಯ್ರೆ! ನಂಗೊಂದು ಪ್ರತಿ ಉಂಟಲ್ದಾ?"

ಈ ಸರಣಿ ಆ ಎರಡನೇ ವಾಕ್ಯದ ಬಗ್ಗೆ. ಒಂದು ಕ್ಯಾಪ್ಶನ್ನಿಗೆ 2,200 ಅಕ್ಷರದ ಮಿತಿ, ಅದಕ್ಕೇ ಹತ್ತು ಪೋಸ್ಟು. ಹತ್ತನ್ನೂ ಓದಿ, ಆಮೇಲೆ ಜಗಳಕ್ಕೆ ಬನ್ನಿ.

ಮೀನಿನ ಬುಟ್ಟಿಯ ಎದುರು ನಿಂತು "ನಂಗೆ ನಾಲ್ಕು ಬಂಗುಡೆ ಗೌರವಕ್ಕೆ ಹಾಕಿ" ಅಂತ ಕೇಳುವ ಧೈರ್ಯ ನಾವುಂದದಲ್ಲಿ ಯಾರಿಗೂ ಇಲ್ಲ. ಹಬ್ಬದ ದಿನ ಮಲ್ಲಿಗೆ ಅಟ್ಟೆಯ ದರ ಆಕಾಶಕ್ಕೆ ಹೋದರೂ ಗೊಣಗುತ್ತಾ ಕೊಡುತ್ತೇವೆ. ಕವನ ಸಂಕಲನಕ್ಕೆ ಮಾತ್ರ ದುಡ್ಡು ಕೊಡುವುದು ಸ್ನೇಹಕ್ಕೆ ಅವಮಾನ ಎಂಬಂತೆ ನಡೆದುಕೊಳ್ಳುತ್ತೇವೆ. ಪುಕ್ಕಟೆ ತಗೊಂಡದ್ದನ್ನು ಓದುತ್ತೇವಾ? ಅದೂ ಕಷ್ಟ.

ಈ ಪೋಸ್ಟಿನ ಫೋಟೊ ಯಾವ ಕವಿಯದ್ದೂ ಅಲ್ಲ. ಕವನ ಸಂಕಲನವೊಂದರ ಒಳಪುಟ. ಹೆಸರಿನ ಪುಟ ಮಗುಚಿದರೆ ಸಿಗುತ್ತದಲ್ಲ, ಅದು. ಪ್ರಕಾಶಕರು, ಮೊದಲ ಮುದ್ರಣ, ಪುಟಗಳು, ಪ್ರತಿಗಳು, ಬೆಲೆ, ಕಾಗದ, ಮುದ್ರಕರು. ಪುಸ್ತಕದಲ್ಲಿ ಯಾರೂ ಓದದ ಪುಟ ಅದೇ. ಅರ್ಪಣೆ ಓದ್ತೇವೆ, ಮುನ್ನುಡಿಯಲ್ಲಿ ನಮ್ಮ ಹೆಸರು ಉಂಟಾ ಅಂತ ಹುಡುಕ್ತೇವೆ, ಈ ಪುಟ ಮಾತ್ರ ಹಾರಿಸ್ತೇವೆ.

ಆದರೆ ಆ ಕವಿತೆ ನಿಮ್ಮ ಕೈಗೆ ಹೇಗೆ ಬಂತು ಎಂಬ ಪೂರ್ತಿ ಕತೆ ಇರುವುದು ಅಲ್ಲೇ. ಯಾರೋ ಒಬ್ಬರು ಕಾಗದಕ್ಕೆ ದುಡ್ಡು ಹಾಕಿದ್ದಾರೆ. ಯಾರೋ ಒಬ್ಬರು 300 ಸಾಕಾ 500 ಬೇಕಾ ಅಂತ ರಾತ್ರಿ ಕೂತು ಲೆಕ್ಕ ಹಾಕಿದ್ದಾರೆ. ಕನ್ನಡ ಕಾವ್ಯದ ಚರಿತ್ರೆ ಅಂತ ನಾವು ಓದುವುದು ಕವಿಗಳ ಚರಿತ್ರೆ. ಆ ಇನ್ನೊಬ್ಬರದ್ದು ಯಾವ ಪಠ್ಯಪುಸ್ತಕದಲ್ಲೂ ಇಲ್ಲ.

ನನ್ನ ವಾದ ಇಷ್ಟೆ: ಸಣ್ಣ ಪ್ರಕಾಶನ ಇಲ್ಲದೆ ಕನ್ನಡದಲ್ಲಿ ಹೊಸ ಕಾವ್ಯ ಬರುವುದಿಲ್ಲ. ಓದುಗ ಮುಂಗಡ ಕೊಡದೆ ಸಣ್ಣ ಪ್ರಕಾಶನ ಉಳಿಯುವುದಿಲ್ಲ. ಆ ಓದುಗ ನೀವು.

2/10

ಮುದ್ದಣ ಯಾಕೆ ಹೆಸರು ಮರೆಸಿಕೊಂಡ ಅಂತ ಯಾವತ್ತಾದರೂ ಯೋಚಿಸಿದ್ದೀರಾ?

ನಂದಳಿಕೆಯ ಲಕ್ಷ್ಮೀನಾರಣಪ್ಪ. ಹುಟ್ಟಿದ್ದು 1870, ಕ್ಷಯದಿಂದ ಹೋದದ್ದು 1901. ಶಾಲೆಯಲ್ಲಿ ವ್ಯಾಯಾಮದ ಮೇಷ್ಟ್ರು. ಹೆಚ್ಚಿನ ಕಾಲ ಉಡುಪಿಯಲ್ಲಿ, ಸ್ವಲ್ಪ ಕಾಲ ನಮ್ಮ ಕುಂದಾಪುರದಲ್ಲಿ. ಹಗಲು ಮಕ್ಕಳಿಗೆ ಡ್ರಿಲ್, ರಾತ್ರಿ ಬರವಣಿಗೆ. 'ಶ್ರೀರಾಮಪಟ್ಟಾಭಿಷೇಕ' ಬರೆದರು, 'ಶ್ರೀರಾಮಾಶ್ವಮೇಧ' ಬರೆದರು. ಬರೆದದ್ದನ್ನು ಮೈಸೂರಿನ ಸಾಹಿತ್ಯ ಪತ್ರಿಕೆಗೆ ಕಳಿಸುವಾಗ "ಇದು ನಾನು ಬರೆದದ್ದು" ಅನ್ನಲಿಲ್ಲ. ಹಳೆಯ ಕಾಲದ ಕೃತಿ ಎಂಬಂತೆ ಕಳಿಸಿದರು. ಹಳೆಯದು ಅಂದರೆ ಅಚ್ಚು ಹಾಕುತ್ತಾರೆ, ಕುಂದಾಪುರದ ಡ್ರಿಲ್ ಮೇಷ್ಟ್ರು ಬರೆದದ್ದು ಅಂದರೆ ಯಾರು ಕೇಳುತ್ತಾರೆ?

ಮುದ್ರಣ ಯಂತ್ರ ಇರಲಿಲ್ಲ ಅಂತ ಹೇಳಬೇಡಿ. ಹತ್ತಿರದ ಮಂಗಳೂರಿನಲ್ಲಿ 1841ರಿಂದಲೇ ಬಾಸೆಲ್ ಮಿಷನ್ ಮುದ್ರಣಾಲಯ ಇತ್ತು. ಕನ್ನಡದ ಮೊದಲ ಪತ್ರಿಕೆ 'ಮಂಗಳೂರ ಸಮಾಚಾರ' 1843ರಲ್ಲಿ ಹೊರಟದ್ದು ಈ ಕರಾವಳಿಯಿಂದಲೇ. ಕಿಟೆಲರ ದೊಡ್ಡ ನಿಘಂಟು 1894ರಲ್ಲಿ ಬಂದದ್ದೂ ಅಲ್ಲಿಂದಲೇ. ಆಗ ಮುದ್ದಣನಿಗೆ 24 ವರ್ಷ. ಮೊಳೆ ಇತ್ತು, ಮಸಿ ಇತ್ತು, ಕಾಗದ ಇತ್ತು.

ಇಲ್ಲದೇ ಇದ್ದದ್ದು ಪ್ರಕಾಶಕ. ಅಂದರೆ, "ಈ ಹುಡುಗ ಹೊಸಬ, ಹೆಸರಿಲ್ಲ, ಆದರೂ ಇದನ್ನು ನಾನು ಓದಿದ್ದೇನೆ, ಇದರ ಮೇಲೆ ನನ್ನ ದುಡ್ಡು ಹಾಕ್ತೇನೆ" ಅನ್ನುವ ಒಬ್ಬ ಮನುಷ್ಯ.

ಮುದ್ರಕ ಬೇರೆ, ಪ್ರಕಾಶಕ ಬೇರೆ. ಮುದ್ರಕನಿಗೆ ನೀವು ದುಡ್ಡು ಕೊಟ್ಟರೆ ಮದುವೆ ಕಾಗದವನ್ನೂ ಹಾಕಿಕೊಡುತ್ತಾನೆ, ಮಹಾಕಾವ್ಯವನ್ನೂ ಹಾಕಿಕೊಡುತ್ತಾನೆ. ಅದರಲ್ಲಿ ತಪ್ಪೇನಿಲ್ಲ, ಅದು ಅವನ ಕಸುಬು. ಪ್ರಕಾಶಕನ ಕಸುಬು ಆರಿಸುವುದು ಮತ್ತು ನಷ್ಟದ ಭಾರ ತಾನು ಹೊರುವುದು. ಈ ವ್ಯತ್ಯಾಸ ನೆನಪಿಟ್ಟುಕೊಳ್ಳಿ, ಎಂಟನೇ ಪೋಸ್ಟಿನಲ್ಲಿ ಬೇಕಾಗುತ್ತದೆ.

3/10

"ನಮ್ಮ ಊರಲ್ಲಿ ಕವಿತೆ ಪುಸ್ತಕ ಯಾರು ತಗೊಳ್ತಾರೆ?" ಅಂತ ಕೇಳುವವರಿಗೆ: ನಿಮ್ಮ ಅಜ್ಜ ತಗೊಳ್ತಿದ್ದರು.

ಯಕ್ಷಗಾನ ಪ್ರಸಂಗದ ಪುಸ್ತಕ ಕಂಡಿದ್ದೀರಲ್ಲ? ತೆಳ್ಳಗಿನ ರಟ್ಟು, ಅಗ್ಗದ ಕಾಗದ, ಒತ್ತೊತ್ತಾಗಿ ಅಚ್ಚು. ಅದರೊಳಗೆ ಇರುವುದೇನು? ತಾಳಕ್ಕೆ ಕೂತ ಪದಗಳು, ಭಾಮಿನಿ, ವಾರ್ಧಕ, ಕಂದ, ವೃತ್ತ. ಮಾತು ಅದರಲ್ಲಿ ಇರುವುದಿಲ್ಲ. ಮಾತನ್ನು ಅರ್ಥದಾರಿ ರಂಗದಲ್ಲೇ ಕಟ್ಟುತ್ತಾರೆ. ಹಾಗಾದರೆ ಪ್ರಸಂಗದ ಪುಸ್ತಕ ಅಂದರೆ ಪೂರ್ತಿ ಪದ್ಯದ ಪುಸ್ತಕ, ಅಲ್ದಾ? ಉಡುಪಿಯ ಪಾವಂಜೆ ಗುರುರಾವ್ ಅಂಡ್ ಸನ್ಸ್‌ನಂಥವರು ಅವನ್ನು ಅಚ್ಚು ಹಾಕಿದರು, ಈ ಜಿಲ್ಲೆಯ ಜನ ಕೊಂಡರು. ಭಾಗವತರು ಕೊಂಡರು, ತಾಳಮದ್ದಳೆಯ ಕೂಟದವರು ಕೊಂಡರು, ಮಳೆಗಾಲದಲ್ಲಿ ಮನೆಯ ಜಗಲಿಯಲ್ಲಿ ಓದಿಸುವವರು ಕೊಂಡರು.

ಯಾಕೆ ಕೊಂಡರು? ಅವರಿಗೆ ಅದು ಬೇಕಿತ್ತು. ಹಾಡಲಿಕ್ಕೆ ಬೇಕಿತ್ತು. ನಾಳೆ ರಾತ್ರಿ ಆಟ ಉಂಟು ಅಂದರೆ ಇವತ್ತು ಪುಸ್ತಕ ಬೇಕು. ಅದನ್ನು ಯಾರೂ 'ಸಾಹಿತ್ಯ ಸೇವೆ' ಅನ್ನಲಿಲ್ಲ, ಶಾಲು ಹೊದೆಸಲಿಲ್ಲ. ದುಡ್ಡು ಕೊಟ್ಟರು, ಚೀಲಕ್ಕೆ ಹಾಕಿಕೊಂಡರು.

ಇನ್ನೊಂದು ಕಾಣಿ. ಮಂದಾರ್ತಿ ಮೇಳದ ಹರಕೆ ಆಟಕ್ಕೆ ಹೆಸರು ಬರೆಸಿ ವರ್ಷಗಟ್ಟಲೆ ಕಾಯುವ ಸೀಮೆ ನಮ್ಮದು. ಆಟ ಯಾವಾಗ ಬರುತ್ತದೋ ಗೊತ್ತಿಲ್ಲ, ವೇಷ ಯಾರು ಮಾಡುತ್ತಾರೋ ಗೊತ್ತಿಲ್ಲ, ಆದರೂ ಮೊದಲೇ ಮಾತು ಕೊಡುತ್ತೇವೆ. ಕಲೆಗೆ ಮುಂಗಡ ಕೊಡುವುದು ಈ ಮಣ್ಣಿಗೆ ಹೊಸತಲ್ಲ. ಪುಸ್ತಕದ ಹತ್ತಿರ ಬಂದಾಗ ಮಾತ್ರ ಆ ಅಭ್ಯಾಸ ಮರೆಯುತ್ತೇವೆ.

ಈಗಿನ ಕವನ ಸಂಕಲನಕ್ಕೆ ಕೊಳ್ಳುವವರಿಲ್ಲ ಅಂದರೆ ಜನರಿಗೆ ಪದ್ಯ ಬೇಡವಾಗಿದೆ ಅಂತ ಅರ್ಥ ಅಲ್ಲ. ಪುಸ್ತಕಕ್ಕೂ ಜನರಿಗೂ ನಡುವೆ ಇದ್ದ ದಾರಿ ಕಟ್ಟಿಹೋಗಿದೆ. ಆ ದಾರಿಯನ್ನು ಮತ್ತೆ ಮಾಡುವ ಕೆಲಸ ಸಣ್ಣ ಪ್ರಕಾಶನದ್ದು. ಅದು ಆಗುತ್ತದೆ ಎಂಬುದಕ್ಕೆ ಸಾಕ್ಷಿ ಬೇಕಾ? ಘಟ್ಟ ಹತ್ತುವ, ಬನ್ನಿ.

4/10

ನಮ್ಮ ಅಡಿಗರ ಪತ್ರಿಕೆಗೆ ಬೆನ್ನು ಕೊಟ್ಟದ್ದು ಒಬ್ಬ ಅಡಿಕೆ ತೋಟದವರು.

ಮೊಗೇರಿ ಗೋಪಾಲಕೃಷ್ಣ ಅಡಿಗರು ಇದೇ ಬೈಂದೂರು ಸೀಮೆಯವರು ಅಂತ ನಾವೆಲ್ಲ ಹೆಮ್ಮೆಯಿಂದ ಹೇಳ್ತೇವೆ. 1918ರಲ್ಲಿ ಹುಟ್ಟಿದರು, 'ಭಾವತರಂಗ' 1946ರಲ್ಲಿ, 'ಚಂಡೆಮದ್ದಳೆ' 1954ರಲ್ಲಿ, 'ಭೂಮಿಗೀತ' 1959ರಲ್ಲಿ ಬಂತು. ಇಷ್ಟು ಪಿಯುಸಿ ನೋಟ್ಸಿನಲ್ಲೂ ಉಂಟು. 1960ರ ದಶಕದಲ್ಲಿ ಅಡಿಗರು 'ಸಾಕ್ಷಿ' ಎಂಬ ಸಾಹಿತ್ಯ ಪತ್ರಿಕೆಯ ಸಂಪಾದಕರಾದರು. ನವ್ಯ ಕಾವ್ಯದ ಮುಖ್ಯ ಚರ್ಚೆಯೆಲ್ಲ ಅದರಲ್ಲಿ ನಡೆಯಿತು. ಇದೂ ಗೊತ್ತು.

ಗೊತ್ತಿಲ್ಲದ್ದು: ಅದನ್ನು ಪ್ರಕಟಿಸುವ ಹೊರೆ ಯಾರದ್ದು?

ಸಾಗರ ತಾಲ್ಲೂಕಿನ ಹೆಗ್ಗೋಡು. ಕೆ. ವಿ. ಸುಬ್ಬಣ್ಣ (1932–2005) ಎಂಬ ಅಡಿಕೆ ಬೆಳೆಗಾರರು ಅಲ್ಲಿ 1950ರ ದಶಕದ ಕೊನೆಗೆ ಅಕ್ಷರ ಪ್ರಕಾಶನ ಶುರು ಮಾಡಿದರು. ನೀನಾಸಮ್ ಅದಕ್ಕಿಂತ ಮೊದಲೇ, 1949ರಲ್ಲಿ, ಹುಟ್ಟಿತ್ತು. ನಾಟಕದ ಊರು ಅಂತ ಹೆಗ್ಗೋಡಿಗೆ ಹೆಸರು ಬಂತು, 1991ರಲ್ಲಿ ಸುಬ್ಬಣ್ಣನವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ಬಂತು. ಪುಸ್ತಕದ ಕೆಲಸ ಮಾತ್ರ ಸದ್ದಿಲ್ಲದೆ ನಡೆದುಕೊಂಡೇ ಬಂತು. ಈಗಲೂ ನಡೆದಿದೆ.

1970ರಲ್ಲಿ 'ಅಕ್ಷರ ಹೊಸ ಕಾವ್ಯ' ಬಂತು. ಸಂಪಾದಕರು ಪಿ. ಲಂಕೇಶ್. ಹೆಸರಲ್ಲೇ ಪ್ರಕಾಶನದ ಮುದ್ರೆ ಉಂಟು. ಒಬ್ಬ ಕವಿ ಕೂತು ತನ್ನ ಕಾಲದ ಬೇರೆ ಕವಿಗಳನ್ನು ಓದಿ, ಇದು ಇರಲಿ ಇದು ಬೇಡ ಅಂತ ಆರಿಸಿದ ಸಂಕಲನ. ಯಾರನ್ನು ಬಿಟ್ಟರು, ಯಾಕೆ ಬಿಟ್ಟರು ಅಂತ ಜಗಳ ಆಡುವುದಕ್ಕೂ ಅಂಥದ್ದೊಂದು ಪುಸ್ತಕ ಬೇಕು.

ಬೆಂಗಳೂರಿನಿಂದ ಅಷ್ಟು ದೂರದ ಹಳ್ಳಿ. ದೊಡ್ಡ ಬಂಡವಾಳ ಇಲ್ಲ. ಎಲ್ಲ ಅಂಚೆಯಲ್ಲೇ ಹೋಗಬೇಕು. ಆದರೂ ಒಂದು ತಲೆಮಾರಿನ ಕಾವ್ಯದ ರುಚಿಯನ್ನು ತಿದ್ದಿದ ಹೆಸರುಗಳಲ್ಲಿ ಅದೂ ಒಂದು. ನಾವುಂದದಿಂದ ಇದು ಆಗಲಿಕ್ಕಿಲ್ಲ ಅಂತ ಹೇಳುವವರು ಹೆಗ್ಗೋಡಿನ ಜನಸಂಖ್ಯೆ ಎಷ್ಟಿರಬಹುದು ಅಂತ ಒಮ್ಮೆ ಯೋಚಿಸಿ.

ಕೋಟದ ಕಾರಂತರನ್ನೂ ನೆನಪು ಮಾಡಿಕೊಳ್ಳಿ. ಶಿವರಾಮ ಕಾರಂತರ ಮೊದಲ ಪುಸ್ತಕ 'ರಾಷ್ಟ್ರಗೀತ ಸುಧಾಕರ', ಅದು ಪದ್ಯ. ಮುಂದೆ ಪುತ್ತೂರಿನಲ್ಲಿ ತಮ್ಮದೇ ಹರ್ಷ ಮುದ್ರಣಾಲಯ ನಡೆಸಿದರು. ಬರೆಯುವ ಕೈಗೆ ಮಸಿ ಮೆತ್ತಿಕೊಳ್ಳಲು ನಾಚಿಕೆ ಇರಲಿಲ್ಲ.

5/10

ಷಿಕಾಗೋದಲ್ಲಿದ್ದ ಕವಿಯ ಕನ್ನಡ ಪುಸ್ತಕ ಧಾರವಾಡದ ಅಟ್ಟದಿಂದ ಬಂತು.

ಎ. ಕೆ. ರಾಮಾನುಜನ್ ಅಮೆರಿಕದಲ್ಲಿ ಪಾಠ ಮಾಡುತ್ತಿದ್ದರು. ಇಂಗ್ಲಿಷಿನಲ್ಲಿ ಅವರನ್ನು ಪ್ರಕಟಿಸುವವರಿದ್ದರು. ಅವರ ಮೊದಲ ಕನ್ನಡ ಸಂಕಲನ 'ಹೊಕ್ಕುಳಲ್ಲಿ ಹೂವಿಲ್ಲ' 1969ರಲ್ಲಿ ಹೊರಟದ್ದು ಧಾರವಾಡದ ಮನೋಹರ ಗ್ರಂಥಮಾಲೆಯಿಂದ. 1933ರಲ್ಲಿ ಜಿ. ಬಿ. ಜೋಶಿ ಶುರು ಮಾಡಿದ ಸಂಸ್ಥೆ ಅದು. ಸುಭಾಸ ರಸ್ತೆಯ ಆ ಅಟ್ಟದಲ್ಲಿ ಕೂತು ಕೀರ್ತಿನಾಥ ಕುರ್ತಕೋಟಿಯವರು ಹಸ್ತಪ್ರತಿ ಓದುತ್ತಿದ್ದರು.

ಗ್ರಂಥಮಾಲೆ ನಡೆದದ್ದು ಚಂದಾದಾರರಿಂದ. ನೀವು ವರ್ಷದ ಚಂದಾ ಮೊದಲೇ ಕೊಡುತ್ತೀರಿ, ಯಾವ ಪುಸ್ತಕ ಬರುತ್ತದೆ ಅಂತ ನಿಮಗೆ ಗೊತ್ತಿಲ್ಲ. ಹರಕೆ ಆಟದ ಹಾಗೇ. ಗಿರೀಶ ಕಾರ್ನಾಡರ 'ಯಯಾತಿ' 1961ರಲ್ಲಿ, ಅನಂತಮೂರ್ತಿಯವರ 'ಸಂಸ್ಕಾರ' 1965ರಲ್ಲಿ ಬಂದದ್ದು ಇಲ್ಲಿಂದಲೇ. ಅವತ್ತಿಗೆ ಅವರಿಬ್ಬರೂ ಇನ್ನೂ ಇಪ್ಪತ್ತು, ಮೂವತ್ತರ ಆಸುಪಾಸಿನವರು. ಹೆಸರು ನೋಡಿ ಕೊಳ್ಳುವುದಾಗಿದ್ದರೆ ಯಾರೂ ಕೊಳ್ಳುತ್ತಿರಲಿಲ್ಲ. ಓದುಗರು ಲೇಖಕನನ್ನು ನಂಬಲಿಲ್ಲ, ಆರಿಸುವವರನ್ನು ನಂಬಿದರು.

ಪ್ರಕಾಶಕ ಮಾಡುವುದೇನು ಅಂತ ಕೇಳ್ತೀರಿ. ಕೇಳಿ. 120 ಕವಿತೆ ತಂದುಕೊಟ್ಟರೆ 50 ಉಳಿಸುತ್ತಾರೆ. ಯಾವುದು ಮೊದಲು, ಯಾವುದು ಕೊನೆ ಅಂತ ಜೋಡಿಸುತ್ತಾರೆ. ಕರಡು ತಿದ್ದುತ್ತಾರೆ. ನುಡಿಯಲ್ಲಿ ಟೈಪ್ ಮಾಡಿದ್ದು ಯುನಿಕೋಡಿಗೆ ತಿರುಗುವಾಗ ಒತ್ತಕ್ಷರ ಒಡೆದು, ಅರ್ಕಾವತ್ತು ಎಲ್ಲೋ ಹೋಗಿರುತ್ತದೆ, ಅದನ್ನು ಹುಡುಕಿ ಕೂರಿಸುತ್ತಾರೆ. ಕಾದಂಬರಿಯಲ್ಲಿ ಸಾಲು ಎಲ್ಲಿ ಮುರಿದರೂ ನಡೆಯುತ್ತದೆ. ಕವಿತೆಯಲ್ಲಿ ಸಾಲು ತಪ್ಪು ಕಡೆ ಮುರಿದರೆ ಕವಿತೆಯೇ ಹೋಯ್ತು. ಆಮೇಲೆ ಕಟ್ಟು ಕಟ್ಟಿ, ವಿಳಾಸ ಬರೆದು, ಅಂಚೆ ಕಚೇರಿಯ ಸಾಲಿನಲ್ಲಿ ನಿಲ್ಲುತ್ತಾರೆ. ಹತ್ತು ವರ್ಷ ಬಿಟ್ಟು ಯಾರೋ ಒಬ್ಬರು ಕೇಳಿದಾಗ "ಒಂದು ಪ್ರತಿ ಉಂಟು, ಕಳಿಸ್ತೇನೆ" ಅನ್ನುತ್ತಾರೆ.

ಇದಕ್ಕೆಲ್ಲ ಸಂಬಳ ಯಾರು ಕೊಡ್ತಾರೆ? ಯಾರೂ ಇಲ್ಲ.

6/10

ಈಗ ಲೆಕ್ಕ ಮಾಡುವ. ಕಾಗದ ಪೆನ್ನು ತಗೊಳ್ಳಿ.

ಉದಾಹರಣೆಗೆ ಒಂದು ಸಂಕಲನ. 500 ಪ್ರತಿ, ಮುಖಬೆಲೆ 120 ರೂಪಾಯಿ, ಒಂದು ಪ್ರತಿಗೆ ತಗಲಿದ ಖರ್ಚು 60 ಅಂತ ಹಿಡಿಯಿರಿ. ಒಟ್ಟು 30,000 ಹಾಕಿದ್ದಾಯ್ತು. ಅಂಗಡಿಗೆ ಕೊಟ್ಟರೆ 35 ಪರ್ಸೆಂಟ್ ಬಿಡಬೇಕು ಅಂತಿಟ್ಟುಕೊಳ್ಳಿ. ಕೈಗೆ ಬರುವುದು ಪ್ರತಿಗೆ 78. ಹಾಕಿದ ದುಡ್ಡು ಮಾತ್ರ ವಾಪಸ್ ಬರಬೇಕಾದರೂ 385 ಪ್ರತಿ ಹೋಗಬೇಕು. ಅದೇ ಪುಸ್ತಕವನ್ನು ಓದುಗರು ನೇರವಾಗಿ ಪ್ರಕಾಶಕರಿಂದ ಪೂರ್ತಿ ಬೆಲೆಗೆ ಕೊಂಡರೆ 250 ಸಾಕು.

385 ಮತ್ತು 250. ನಡುವೆ ಇರುವ 135 ಪ್ರತಿ ಒಂದು ಪ್ರಕಾಶನ ಬದುಕುತ್ತದೋ ಬಾಗಿಲು ಹಾಕುತ್ತದೋ ಎಂಬುದರ ನಡುವಿನ ದೂರ.

ಗೌರವ ಪ್ರತಿ? 50 ಹಂಚಿದರೆ ಖರ್ಚಿನ ಲೆಕ್ಕದಲ್ಲೇ 3,000 ಹೋಯ್ತು. ಅದನ್ನು ತುಂಬಿಸಲು ಅಂಗಡಿಯಲ್ಲಿ ಇನ್ನೂ 39 ಪ್ರತಿ ಮಾರಬೇಕು. ಪ್ರತಿ ಪಡೆದ 50 ಜನರಲ್ಲಿ ಹೆಚ್ಚಿನವರು ಯಾರು? ಪುಸ್ತಕ ಕೊಳ್ಳುವ ಶಕ್ತಿ ಇರುವವರು. ಅಧ್ಯಾಪಕರು, ಅಧಿಕಾರಿಗಳು, ವೇದಿಕೆ ಮೇಲೆ ಕೂರುವವರು. ನಿಜವಾಗಿ ಕೊಳ್ಳಲಾಗದ ಪಿಯುಸಿ ಹುಡುಗಿಗೆ ಗೌರವ ಪ್ರತಿ ಸಿಗುವುದಿಲ್ಲ ಮಾರಾಯ್ರೆ, ಅವಳಿಗೆ ಕೇಳಲಿಕ್ಕೇ ಗೊತ್ತಿಲ್ಲ.

"250 ಪ್ರತಿಯೆಲ್ಲ ಒಂದು ಸಂಖ್ಯೆಯಾ?" ಅಂತ ನಗುವವರಿಗೆ ಹೊರಗಿನ ಒಂದು ಉದಾಹರಣೆ. ಟಿ. ಎಸ್. ಎಲಿಯಟ್‌ನ 'ದಿ ವೇಸ್ಟ್ ಲ್ಯಾಂಡ್' ಇಂಗ್ಲೆಂಡಿನಲ್ಲಿ ಪುಸ್ತಕವಾಗಿ ಬಂದದ್ದು 1923ರಲ್ಲಿ, ಹೋಗಾರ್ತ್ ಪ್ರೆಸ್ಸಿನಿಂದ. ಅದು ವರ್ಜೀನಿಯಾ ವುಲ್ಫ್ ಮತ್ತು ಲೆನಾರ್ಡ್ ವುಲ್ಫ್ ಮನೆಯಲ್ಲೇ ನಡೆಸುತ್ತಿದ್ದ ಪುಟ್ಟ ಪ್ರೆಸ್. ಮೊಳೆ ಜೋಡಿಸಿದ್ದು ವರ್ಜೀನಿಯಾ ತಾನೇ. ಪ್ರತಿಗಳು ಸುಮಾರು 460. ನಮ್ಮ ಮೊಗೇರಿಯ ಅಡಿಗರವರೆಗೆ ಬಂದು ಮುಟ್ಟಿದ ಅಲೆಯಲ್ಲಿ ಆ ಪುಸ್ತಕದ ಪಾಲೂ ಉಂಟು.

460 ಸಣ್ಣ ಸಂಖ್ಯೆಯಲ್ಲ. 460 ಜನ ಕೊಂಡು ಓದಿದರೆ ದೊಡ್ಡದು. 500 ಹಾಕಿ 400 ಹಂಚಿದರೆ ಅದು ಸೊನ್ನೆ.

7/10

ಸರ್ಕಾರ ಕೊಳ್ಳುತ್ತದಲ್ಲ, ನಿಮಗೇನು ಕಷ್ಟ? ಕೊಳ್ಳುತ್ತದೆ. ಹೇಗೆ ಅಂತ ಕೇಳಿ.

1965ರ ಕರ್ನಾಟಕ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯ ಪ್ರಕಾರ ನೀವು ಕಟ್ಟುವ ಆಸ್ತಿ ತೆರಿಗೆಯ ಮೇಲೆ 6 ಪರ್ಸೆಂಟ್ ಗ್ರಂಥಾಲಯ ಕರ ಉಂಟು. ರಶೀದಿ ತೆಗೆದು ನೋಡಿ. ಆ ದುಡ್ಡು ಸ್ಥಳೀಯ ಸಂಸ್ಥೆಗಳಿಂದ ಇಲಾಖೆಗೆ ಪೂರ್ತಿ ತಲುಪುವುದಿಲ್ಲ ಎಂಬ ದೂರು ಹಳೆಯದು. ದುಡ್ಡು ಬಾರದಿದ್ದರೆ ಖರೀದಿ ತಡ, ಖರೀದಿಯಾದರೆ ಬಿಲ್ಲು ತಡ. ದೊಡ್ಡ ಪ್ರಕಾಶಕರು ಕಾಯಬಲ್ಲರು. ಮನೆಯ ಒಂದು ಕೋಣೆಯಲ್ಲಿ ಪ್ರಕಾಶನ ನಡೆಸುವವರು ಕಾಯುವುದು ಹೇಗೆ?

ಅದಕ್ಕಿಂತ ದೊಡ್ಡ ತಮಾಷೆ, ದರ ಕಟ್ಟುವುದು ಪುಟದ ಲೆಕ್ಕದಲ್ಲಿ. 400 ಪುಟದ ದಪ್ಪ ಪುಸ್ತಕಕ್ಕೆ ಒಳ್ಳೆ ದುಡ್ಡು, 64 ಪುಟದ ಕವನ ಸಂಕಲನಕ್ಕೆ ಚಿಲ್ಲರೆ. ಆದರೆ ಓದಿ, ಆರಿಸಿ, ತಿದ್ದಿ, ಮುಖಪುಟ ಮಾಡಿಸುವ ಕೆಲಸ ಎರಡಕ್ಕೂ ಒಂದೇ. ಕವಿತೆಯಲ್ಲಿ ಖಾಲಿ ಜಾಗಕ್ಕೂ ಅರ್ಥ ಉಂಟು ಅಂತ ಕ್ಲಾಸಿನಲ್ಲಿ ಪಾಠ ಮಾಡ್ತೇವೆ. ತಕ್ಕಡಿಗೆ ಅದು ಗೊತ್ತಿಲ್ಲ.

ಇನ್ನು ಕಾಗದ. ಅಚ್ಚಾದ ಪುಸ್ತಕಕ್ಕೆ ಜಿಎಸ್‌ಟಿ ಇಲ್ಲ, ಸಂತೋಷ. ಕಾಗದಕ್ಕೆ ಉಂಟು. 2025ರ ಸೆಪ್ಟೆಂಬರ್ 22ರಿಂದ ಅದು 12ರಿಂದ 18 ಪರ್ಸೆಂಟಿಗೆ ಏರಿತು. ಪುಸ್ತಕ ತೆರಿಗೆ ಇಲ್ಲದ ಸರಕಾದ್ದರಿಂದ ಕಾಗದಕ್ಕೆ ಕಟ್ಟಿದ ತೆರಿಗೆಯನ್ನು ಪ್ರಕಾಶಕರು ವಾಪಸ್ ಪಡೆಯುವಂತೆಯೂ ಇಲ್ಲ. ನುಂಗಿಕೊಳ್ಳಬೇಕು.

ಅಂಚೆ. ಸಣ್ಣ ಪ್ರಕಾಶನದ ಬೆನ್ನೆಲುಬೇ ಅಂಚೆ. ಕಡಿಮೆ ದರದಲ್ಲಿ, ನೋಂದಣಿಯ ಭದ್ರತೆಯೊಂದಿಗೆ ಪುಸ್ತಕ ಕಳಿಸಲು ರಿಜಿಸ್ಟರ್ಡ್ ಬುಕ್ ಪೋಸ್ಟ್ ಅಂತ ಇತ್ತು. 2024ರ ಡಿಸೆಂಬರಿನಲ್ಲಿ ಅದನ್ನು ನಿಲ್ಲಿಸಿದರು. ದೊಡ್ಡ ಸುದ್ದಿ ಆಗಲಿಲ್ಲ. ಪುಸ್ತಕದ ಬೆಲೆಗಿಂತ ಕಳಿಸುವ ಖರ್ಚೇ ಕಣ್ಣು ಕುಕ್ಕುವ ಹಾಗಾದಾಗ ಮೊದಲು ಸಾಯುವುದು ತೆಳ್ಳಗಿನ ಪುಸ್ತಕ.

ಕನ್ನಡದ ಹೆಸರಲ್ಲಿ ಬೀದಿಗಿಳಿಯುವ ಯಾವ ಸಂಘಟನೆಯಾದರೂ ಇದಕ್ಕೊಂದು ಮನವಿ ಕೊಟ್ಟಿದ್ದು ನಿಮಗೆ ನೆನಪುಂಟಾ?

8/10

ಕವಿಗಳೇ, ನಿಮ್ಮನ್ನೂ ಬಿಡುವುದಿಲ್ಲ.

ಪುಸ್ತಕ ಬಿಡುಗಡೆಗೆ ಬರುವ. ಹಾಲ್ ಬಾಡಿಗೆ, ಬ್ಯಾನರು, ಶಾಲು, ಹಾರ, ಹಣ್ಣಿನ ಬುಟ್ಟಿ, ಸ್ಮರಣಿಕೆ, ಊಟ. ವೇದಿಕೆ ಮೇಲೆ ಒಂಬತ್ತು ಜನ, ಕೆಳಗೆ ಅವರ ಮನೆಯವರು. ಒಂದು ಗಂಟೆ ಸ್ವಾಗತ, ಎರಡು ಗಂಟೆ ಅಧ್ಯಕ್ಷ ಭಾಷಣ, ಕವಿತೆ ಓದಲಿಕ್ಕೆ ಐದು ನಿಮಿಷ. ಕೊನೆಗೆ ಬಂದವರಿಗೆಲ್ಲ ಪುಸ್ತಕ ಉಚಿತ. ಒಟ್ಟು ಖರ್ಚು ಅಚ್ಚಿನ ಖರ್ಚನ್ನು ಮೀರುತ್ತದೆ ಅಂತ ಎಷ್ಟು ಸಲ ನೋಡಿಲ್ಲ?

ಇದರ ಹಿಂದೆ ಇನ್ನೊಂದು ವ್ಯಾಪಾರ ಉಂಟು. "ಇಷ್ಟು ಕೊಡಿ, ನಿಮ್ಮ ಕವನ ಸಂಕಲನ ತರ್ತೇವೆ" ಎಂಬ ಜಾಹೀರಾತು ನಿಮಗೂ ಬಂದಿರುತ್ತದೆ. ಎರಡನೇ ಪೋಸ್ಟಿನಲ್ಲಿ ಹೇಳಿದ್ದು ನೆನಪಿಸಿಕೊಳ್ಳಿ. ಕವಿಯಿಂದ ದುಡ್ಡು ತಗೊಂಡು ಅಚ್ಚು ಹಾಕಿಕೊಡುವವರು ಮುದ್ರಕರು. ಒಳಪುಟದಲ್ಲಿ ಪ್ರಕಾಶಕರು ಅಂತ ಬರೆದುಕೊಂಡ ಮಾತ್ರಕ್ಕೆ ಪ್ರಕಾಶಕರಾಗುವುದಿಲ್ಲ. ಅವರು ನಿಮಗೆ ಯಾವತ್ತೂ "ಇದು ಇನ್ನೂ ಆಗಿಲ್ಲ, ಎರಡು ವರ್ಷ ಬಿಟ್ಟು ಬನ್ನಿ" ಅನ್ನುವುದಿಲ್ಲ. ಯಾಕೆ ಅನ್ನಬೇಕು? ನೀವು ಗಿರಾಕಿ.

ಬೇಡ ಅನ್ನುವವರಿಲ್ಲದ ಕಡೆ ಹೌದು ಅಂದದ್ದಕ್ಕೆ ಏನು ಬೆಲೆ? ಮೊದಲ ಕೆಲಸದ ಸಂಬಳ ಒಟ್ಟು ಮಾಡಿ ಪುಸ್ತಕ ಮಾಡಿಸಿದ ಹುಡುಗ ಹುಡುಗಿಯರ ಮಂಚದ ಅಡಿಯಲ್ಲಿ ಕಟ್ಟುಗಳು ಬಿದ್ದಿವೆ. ಮಳೆಗಾಲಕ್ಕೆ ಗೆದ್ದಲು. ನಮ್ಮ ಊರಿನ ಗಾಳಿಗೆ ಕಾಗದ ಎಷ್ಟು ದಿನ ತಡೆಯುತ್ತದೆ ಅಂತ ನಿಮಗೇ ಗೊತ್ತು. ಅವರಲ್ಲಿ ಕೆಲವರು ನಿಜವಾಗಿ ಚೆನ್ನಾಗಿ ಬರೆಯುವವರು. ಒಬ್ಬ ಒಳ್ಳೆಯ ಪ್ರಕಾಶಕ ಸಿಕ್ಕಿದ್ದರೆ ಮೊದಲ ಪುಸ್ತಕ ಮೂರು ವರ್ಷ ತಡವಾಗಿ ಬರುತ್ತಿತ್ತು, ಎರಡನೇ ಪುಸ್ತಕವೂ ಬರುತ್ತಿತ್ತು. ಈಗ ಎರಡನೆಯದು ಬರುವುದಿಲ್ಲ.

ಕನ್ನಡ ಪುಸ್ತಕ ಪ್ರಾಧಿಕಾರ ಯುವ ಬರಹಗಾರರ ಚೊಚ್ಚಲ ಕೃತಿಗೆ ಪ್ರೋತ್ಸಾಹಧನ ಕೊಡುತ್ತದೆ, ಒಳ್ಳೆಯದೇ. ಆದರೆ ಅದು ಪುಸ್ತಕವನ್ನು ಹುಟ್ಟಿಸುತ್ತದೆ, ಓದುಗನನ್ನು ಅಲ್ಲ.

9/10

"ಇನ್‌ಸ್ಟಾಗ್ರಾಮಿನಲ್ಲಿ ಕವಿತೆ ಪುಕ್ಕಟೆ ಸಿಗುವಾಗ ಪುಸ್ತಕ ಎಂತಕ್ಕೆ?" ಇದು ಬರುವ ಪ್ರಶ್ನೆ ಅಂತ ಗೊತ್ತಿತ್ತು.

ನಾನೂ ಇಲ್ಲೇ ಬರೆಯುತ್ತಿದ್ದೇನೆ, ಹಾಗಾಗಿ ಈ ಆ್ಯಪಿನ ಮೇಲೆ ನನಗೆ ಸಿಟ್ಟಿಲ್ಲ. ಆದರೆ ಒಂದು ಪರೀಕ್ಷೆ ಮಾಡಿ. ಹೋದ ವರ್ಷ ನಿಮಗೆ ತುಂಬ ಇಷ್ಟ ಆಗಿ ಸೇವ್ ಮಾಡಿಟ್ಟ ಕವಿತೆ ಯಾವುದು? ಕವಿಯ ಹೆಸರು? ಅದು ಈಗ ಎಲ್ಲಿದೆ? ಇಲ್ಲಿ ಯಾರಿಗೆ ಯಾವುದು ಕಾಣಬೇಕು ಅಂತ ತೀರ್ಮಾನ ಮಾಡುವುದು ನೀವೂ ಅಲ್ಲ, ಕವಿಯೂ ಅಲ್ಲ. ಖಾತೆ ಹೋದರೆ ಕವಿತೆಯೂ ಹೋಯ್ತು. ಚೌಕಕ್ಕೆ ಹೊಂದುವ ಎಂಟು ಸಾಲಿಗಿಂತ ಉದ್ದ ಇರುವುದು ಇಲ್ಲಿ ಬದುಕುವುದೇ ಕಷ್ಟ. 1969ರ ಸಂಕಲನ ಮಾತ್ರ ಯಾರದ್ದೋ ಕಪಾಟಿನಲ್ಲಿ ಇವತ್ತೂ ಉಂಟು, ಬ್ಯಾಟರಿ ಬೇಡ.

ಡಿಜಿಟಲ್ ಅನ್ನು ಸರಿಯಾಗಿ ಬಳಸಿದರೆ ಏನಾಗುತ್ತದೆ ಎಂಬುದಕ್ಕೂ ಮಾದರಿ ಯಕ್ಷಗಾನದಲ್ಲೇ ಉಂಟು. ಯಕ್ಷವಾಹಿನಿಯವರು ಹಳೆಯ ಪ್ರಸಂಗಗಳನ್ನು ಹುಡುಕಿ, ತಿದ್ದಿ, ಉಚಿತವಾಗಿ ಇಟ್ಟಿದ್ದಾರೆ. ಅಲ್ಲೂ ಹುಡುಕಿದವರು, ಕೂತು ತಿದ್ದಿದವರು ಮನುಷ್ಯರೇ. ವಾಟ್ಸ್‌ಆ್ಯಪ್ ಗುಂಪಿನಲ್ಲಿ ಹೊಸ ಸಂಕಲನದ ಪಿಡಿಎಫ್ ಹಾಕುವುದು ಆ ಕೆಲಸ ಅಲ್ಲ, ಅದು ಕಳ್ಳತನ.

ಎರಡನೇ ಆಕ್ಷೇಪ ಹೆಚ್ಚು ಗಟ್ಟಿ: "ಸಣ್ಣ ಪ್ರಕಾಶನ ಅಂದರೆ ಅವರವರ ಗುಂಪು. ಅವರವರನ್ನೇ ಅಚ್ಚು ಹಾಕ್ತಾರೆ." ಹೌದು, ಒಬ್ಬರ ರುಚಿಗೆ ಒಂದು ಮಿತಿ ಇರುತ್ತದೆ. ಜಾತಿ, ಊರು, ಸ್ನೇಹ ಎಲ್ಲವೂ ಆ ಮಿತಿಯಲ್ಲಿ ಸೇರುತ್ತದೆ. ಅದಕ್ಕೆ ಮದ್ದು ಪ್ರಕಾಶನ ಕಡಿಮೆ ಮಾಡುವುದಲ್ಲ, ಹೆಚ್ಚು ಮಾಡುವುದು. ಚಂಪಾ, ಸಿದ್ಧಲಿಂಗ ಪಟ್ಟಣಶೆಟ್ಟಿ, ಗಿರಡ್ಡಿ ಗೋವಿಂದರಾಜ 1964ರಲ್ಲಿ ಧಾರವಾಡದಲ್ಲಿ 'ಸಂಕ್ರಮಣ' ಶುರು ಮಾಡಿದರು. ಸಿದ್ದಲಿಂಗಯ್ಯನವರ 'ಹೊಲೆಮಾದಿಗರ ಹಾಡು' 1975ರಲ್ಲಿ ಬಂತು, 1979ರಲ್ಲಿ ಬಂಡಾಯ ಸಂಘಟನೆ. ಬೆಂಗಳೂರಿನ ಕ್ರೈಸ್ಟ್ ಕಾಲೇಜಿನಲ್ಲಿ ಚಿ. ಶ್ರೀನಿವಾಸರಾಜು ಅವರು ವಿದ್ಯಾರ್ಥಿಗಳ ಕವನ ಸ್ಪರ್ಧೆ ನಡೆಸಿ, ಕನ್ನಡ ಸಂಘದಿಂದ ಸಂಕಲನ ತಂದರು.

ಮುಂಬಯಿಯಲ್ಲಿ 1976ರಲ್ಲಿ ನಾಲ್ಕು ಕವಿಗಳು ಸೇರಿ ಕ್ಲಿಯರಿಂಗ್ ಹೌಸ್ ಕಟ್ಟಿದರು. ಅರುಣ್ ಕೊಲಟ್ಕರರ 'ಜೆಜುರಿ' ಅಲ್ಲಿಂದ ಬಂತು. ಮರು ವರ್ಷ ಅದಕ್ಕೆ ಕಾಮನ್‌ವೆಲ್ತ್ ಕಾವ್ಯ ಪ್ರಶಸ್ತಿ. ಬಾಗಿಲು ಸಿಗದವರು ಬಾಗಿಲು ಮಾಡಿಕೊಂಡರು.

10/10

ಸಾಕು ಭಾಷಣ. ಏನು ಮಾಡಬೇಕು ಅಂತ ಹೇಳಿ ಮುಗಿಸ್ತೇನೆ.

1. ಗೌರವ ಪ್ರತಿ ಕೇಳಬೇಡಿ. ಕವಿ ತಾನಾಗಿ ಕೊಟ್ಟರೂ "ಇಲ್ಲ, ನಾನು ತರಿಸ್ಕೊಳ್ತೇನೆ" ಅನ್ನಿ. ಮೊದಲ ಸಲ ಇಬ್ಬರಿಗೂ ಮುಜುಗರ ಆಗ್ತದೆ. ಎರಡನೇ ಸಲ ಆಗುವುದಿಲ್ಲ.

2. ವರ್ಷಕ್ಕೆ ನಾಲ್ಕು ಕವನ ಸಂಕಲನ ಕೊಳ್ಳಿ. ಪೂರ್ತಿ ಬೆಲೆಗೆ, ಆದಷ್ಟು ಪ್ರಕಾಶಕರಿಂದ ನೇರವಾಗಿ. ಒಂದಾದರೂ ನೀವು ಹೆಸರು ಕೇಳದ ಕವಿಯದ್ದಿರಲಿ. ಹೆಗ್ಗೋಡಿನ ಅಕ್ಷರ, ಧಾರವಾಡದ ಮನೋಹರ, ಗದಗಿನ ಲಡಾಯಿ, ಶಿವಮೊಗ್ಗದ ಅಹರ್ನಿಶಿ, ಹೊನ್ನಾವರ ಕವಲಕ್ಕಿಯ ಕವಿ ಪ್ರಕಾಶನ. ಬೆಂಗಳೂರಿನ ಹೊರಗೆ ಇಷ್ಟು ಬಾಗಿಲು ತೆರೆದಿವೆ, ಇನ್ನೂ ಉಂಟು, ಹುಡುಕಿ.

3. ಚಂದಾ ಇದ್ದರೆ ಚಂದಾ ಕಟ್ಟಿ. ಇಲ್ಲದಿದ್ದರೆ "ನೀವು ಚಂದಾ ಶುರು ಮಾಡಿ, ಮೊದಲ ಹೆಸರು ನಂದು" ಅಂತ ಬರೆಯಿರಿ. ಪ್ರಕಾಶಕರಿಗೆ ಮುಂದಿನ ವರ್ಷ 200 ಜನ ಇದ್ದಾರೆ ಅಂತ ಖಾತ್ರಿಯಾದರೆ ಅವರು ಹೆಸರಿಲ್ಲದ ಕವಿಯ ಮೇಲೆ ಧೈರ್ಯ ಮಾಡ್ತಾರೆ. ಮುದ್ದಣನಿಗೆ ಬೇಕಿದ್ದದ್ದು ಆ 200 ಜನ.

4. ನಿಮ್ಮ ಗ್ರಾಮ ಪಂಚಾಯಿತಿಯ ಅರಿವು ಕೇಂದ್ರಕ್ಕೆ ಹೋಗಿ. ಕವಿತೆಯ ಪುಸ್ತಕ ಎಷ್ಟುಂಟು, ಎಷ್ಟು ಹಳೆಯದು ಅಂತ ಕಾಣಿ. ಬೇಕಾದ ಪುಸ್ತಕದ ಹೆಸರು ಬರೆದು ಅರ್ಜಿ ಕೊಡಿ. ಗ್ರಂಥಾಲಯ ಕರ ನಿಮ್ಮದೇ ದುಡ್ಡು. ಗ್ರಾಮಸಭೆಯಲ್ಲಿ ಚರಂಡಿ, ದಾರಿದೀಪದ ಜೊತೆ ಇದನ್ನೂ ಕೇಳಿ. ಯಾರಾದರೂ ನಕ್ಕರೆ ನಗಲಿ.

5. ಮದುವೆ, ಗೃಹಪ್ರವೇಶದ ಉಡುಗೊರೆಗೆ ಗೋಡೆ ಗಡಿಯಾರದ ಬದಲು ಎರಡು ಸಂಕಲನ ಕೊಡಿ. ಪುಸ್ತಕ ಬಿಡುಗಡೆ ಮಾಡುವವರು ಹಾರದ ದುಡ್ಡಿನಲ್ಲಿ ಹತ್ತು ಪ್ರತಿ ಕೊಂಡು ಶಾಲೆಗೆ ಕಳಿಸಿ.

6. ಬರೆಯುವವರೇ, ದುಡ್ಡು ಕೊಟ್ಟು ಅಚ್ಚು ಹಾಕಿಸುವ ಮುಂಚೆ ಮೂರು ಪ್ರಕಾಶನಕ್ಕೆ ಹಸ್ತಪ್ರತಿ ಕಳಿಸಿ. ಕಳಿಸುವ ಮುಂಚೆ ಅವರ ಎರಡು ಪುಸ್ತಕವನ್ನಾದರೂ ಕೊಂಡು ಓದಿ. ಬೇಡ ಅಂದರೆ ಯಾಕೆ ಅಂತ ಕೇಳಿ.

ಈ ಸೀಮೆಯಿಂದ ಅಡಿಗರು ಬಂದರು, ಕುಂದಾಪುರದಿಂದ ವೈದೇಹಿ ಬಂದರು. ಮುಂದಿನವರು ಈಗ ಎಲ್ಲೋ ಹೈಸ್ಕೂಲಿನ ಹಿಂದಿನ ಬೆಂಚಿನಲ್ಲಿ ಕೂತು ನೋಟ್‌ಬುಕ್ಕಿನ ಕೊನೆಯ ಪುಟದಲ್ಲಿ ಗೀಚುತ್ತಿರಬಹುದು. ಅವರಿಗೆ ಬರೆಯಲು ಯಾರ ಸಹಾಯವೂ ಬೇಡ. ಬರೆದದ್ದು ಪುಸ್ತಕವಾಗಲು ಬೇಕು.

ಕಮೆಂಟಿನಲ್ಲಿ "ಸೂಪರ್" ಬೇಡ. ಯಾವ ಪ್ರಕಾಶನದಿಂದ, ಯಾವ ಸಂಕಲನ, ಎಷ್ಟು ಕೊಟ್ಟು ತಗೊಂಡ್ರಿ ಅಂತ ಬರೆಯಿರಿ. ಪಟ್ಟಿ ಮಾಡುವ.

#ಗೌರವಪ್ರತಿಬೇಡ #ಕೊಂಡುಓದಿ #ಕವನಸಂಕಲನ #ಸಣ್ಣಪ್ರಕಾಶನ #ನಾವುಂದ #ಬೈಂದೂರು #ಕುಂದಾಪ್ರಕನ್ನಡ